ಗಿಡಮರಗಳ ಲ್ಯಾಟಿನ್ ಹೆಸರು

ಸಸ್ಯಶಾಸ್ತ್ರೀಯ ಹೆಸರಿನಲ್ಲಿ ಎರಡು ಪದಗಳು. ಮೊದಲನೆಯದು ಕುಲದ ಹೆಸರು, ಎರಡನೆಯದು ಆ ಕುಲದೊಳಗಿನ ಪ್ರಭೇದವನ್ನು ಗುರುತಿಸುವ ಪದ. ಸ್ವೀಡನ್ನಿನ ಕಾರ್ಲ್ ಲಿನೇಯಸ್ 1753ರಲ್ಲಿ ಹೊರತಂದ ‘ಸ್ಪೀಷೀಸ್ ಪ್ಲಾಂಟೇರಮ್’ ಗ್ರಂಥದಿಂದ ಈ ಪದ್ಧತಿ ನೆಲೆಯೂರಿತು. ಅದಕ್ಕೆ ಮುಂಚೆ ಗಿಡದ ಹೆಸರೆಂದರೆ ಎಲೆ, ಕಾಂಡ, ರೆಂಬೆಗಳ ಲಕ್ಷಣವನ್ನೆಲ್ಲ ಪೋಣಿಸಿದ ಉದ್ದನೆಯ ಲ್ಯಾಟಿನ್ ವರ್ಣನೆಯೇ ಆಗಿರುತ್ತಿತ್ತು.

ಎರಡನೆಯ ಪದ ಹೆಚ್ಚಾಗಿ ವಿಶೇಷಣ. ಶ್ರೀಗಂಧ ‘ಸ್ಯಾಂಟಲಮ್ ಆಲ್ಬಮ್’. ಆಲ್ಬಮ್ ಎಂದರೆ ಬಿಳಿ. ಕರಿಮೆಣಸಿನ ‘ಪೈಪರ್ ನೈಗ್ರಮ್’ನಲ್ಲಿ ನೈಗ್ರಮ್ ಎಂದರೆ ಕಪ್ಪು. ತೇಗದ ‘ಗ್ರ್ಯಾಂಡಿಸ್’ ದೊಡ್ಡದು, ನಾಚಿಕೆಮುಳ್ಳಿನ ‘ಪುಡಿಕಾ’ ನಾಚುವಂಥದ್ದು. ಸಂಸ್ಕೃತದಲ್ಲಿರುವಂತೆ ಇಲ್ಲಿಯೂ ವಿಶೇಷಣ ನಾಮಪದದ ಲಿಂಗವನ್ನು ಅನುಸರಿಸುತ್ತದೆ. ಹಾಗಾಗಿ ಅದೇ ಬಿಳಿ ಒಂದೆಡೆ ಆಲ್ಬಸ್, ಇನ್ನೊಂದೆಡೆ ಆಲ್ಬಾ, ಮತ್ತೊಂದೆಡೆ ಆಲ್ಬಮ್. ಹೊಸಬರು ಎಡವುವುದು ಮರಗಳ ವಿಷಯದಲ್ಲಿ. ಪ್ರಾಚೀನ ಲ್ಯಾಟಿನ್ನಿನಲ್ಲಿ ಮರಗಳ ಹೆಸರು ಸಾಮಾನ್ಯವಾಗಿ ಸ್ತ್ರೀಲಿಂಗ. ‘ಫೈಕಸ್’ ನೋಡಲು ಪುಲ್ಲಿಂಗದಂತಿದ್ದರೂ ಅರಳಿಮರ ‘ಫೈಕಸ್ ರಿಲಿಜಿಯೋಸಾ’ ಆಗುತ್ತದೆಯೇ ಹೊರತು ರಿಲಿಜಿಯೋಸಸ್ ಆಗುವುದಿಲ್ಲ.

ಕೆಲವು ಪದಗಳು ಬಳಕೆಯನ್ನು ಸೂಚಿಸುತ್ತವೆ. ಭತ್ತದ ‘ಸಟೈವಾ’, ಕೊತ್ತಂಬರಿಯ ‘ಸಟೈವಮ್’ ಎಂದರೆ ಬಿತ್ತಿ ಬೆಳೆದದ್ದು. ಶುಂಠಿಯ ‘ಅಫಿಸಿನೇಲ್’, ಕಬ್ಬಿನ ‘ಅಫಿಸಿನೇರಮ್’ ಎರಡೂ ‘ಆಫಿಸಿನಾ’ದಿಂದ, ಅಂದರೆ ಔಷಧಿ ಅಂಗಡಿಯಿಂದ ಬಂದವು. ಸಕ್ಕರೆ ಒಂದು ಕಾಲಕ್ಕೆ ಯುರೋಪಿನ ಔಷಧಿ ಅಂಗಡಿಗಳ ಸರಕಾಗಿತ್ತೆಂಬುದು ಕಬ್ಬಿನ ಹೆಸರಿನಲ್ಲಿ ಉಳಿದುಕೊಂಡಿದೆ.

ಊರು, ದೇಶ ಹೇಳುವ ಪದಗಳನ್ನು ಮಾತ್ರ ಕಣ್ಣುಮುಚ್ಚಿ ನಂಬುವಂತಿಲ್ಲ. ಹುಣಸೆ ‘ಟ್ಯಾಮರಿಂಡಸ್ ಇಂಡಿಕಾ’. ಕುಲದ ಹೆಸರು ಬಂದದ್ದು ‘ಭಾರತದ ಖರ್ಜೂರ’ ಎಂಬರ್ಥದ ‘ತಮ್ರ್ ಹಿಂದಿ’ ಎಂಬ ಅರಬ್ಬಿ ಮಾತಿನಿಂದ. ಹೀಗೆ ಒಂದೇ ಹೆಸರು ಭಾರತವನ್ನು ಎರಡು ಸಲ ಹೇಳುತ್ತದೆ. ಮರದ ಮೂಲ ಮಾತ್ರ ಆಫ್ರಿಕಾ. ‘ಕಾಫಿಯಾ ಅರೇಬಿಕಾ’ದ್ದೂ ಅದೇ ಕಥೆ. ಅದರ ತವರು ಇಥಿಯೋಪಿಯಾದ ಎತ್ತರದ ಕಾಡುಗಳು. ಯುರೋಪಿನವರ ಕೈಗೆ ಬಂದದ್ದು ಅರೇಬಿಯಾದ ಮೂಲಕ. ಹೆಸರಿನ ಅರ್ಥ ತಪ್ಪೆಂದು ಗೊತ್ತಾದರೂ ತಿದ್ದಲು ನಾಮಕರಣದ ನಿಯಮ ಬಿಡುವುದಿಲ್ಲ. ಅರ್ಥಕ್ಕಾಗಿ ಹೆಸರು ಬದಲಿಸುತ್ತ ಹೋದರೆ ಹಳೆಯ ಗ್ರಂಥಗಳಲ್ಲಿನ ಗಿಡ ಯಾವುದೆಂದು ತಿಳಿಯುವುದೇ ಕಷ್ಟವಾದೀತು.

ವ್ಯಕ್ತಿಗಳ ಹೆಸರೂ ಉಂಟು. ಬಸವನಪಾದದ ಕುಲ ‘ಬೌಹಿನಿಯಾ’. ಅದರ ಎಲೆಯ ಎರಡು ಸೀಳುಗಳಲ್ಲಿ ಲಿನೇಯಸ್ ಕಂಡದ್ದು ಸಸ್ಯವಿಜ್ಞಾನಿಗಳಾದ ಬೌಹಿನ್ ಸಹೋದರರಿಬ್ಬರನ್ನು. ಕನ್ನಡಿಗರಿಗೆ ಅಲ್ಲಿ ಕಂಡದ್ದು ಎತ್ತಿನ ಗೊರಸು.

ಎಲ್ಲವೂ ಅಪ್ಪಟ ಲ್ಯಾಟಿನ್ನೂ ಅಲ್ಲ. ಮಾವಿನ ‘ಮ್ಯಾಂಜಿಫೆರಾ’ದಲ್ಲಿ ದ್ರಾವಿಡ ಭಾಷೆಗಳ ‘ಮಾಂಗಾ’ಕ್ಕೆ ‘ಹೊರುವ’ ಎಂಬರ್ಥದ ಲ್ಯಾಟಿನ್ ಪದ ಸೇರಿದೆ. ಹಲಸಿನ ‘ಆರ್ಟೊಕಾರ್ಪಸ್’ ಗ್ರೀಕ್ ಮೂಲದ್ದು, ರೊಟ್ಟಿಹಣ್ಣು ಎಂದರ್ಥ. ಹೊಸ ಪ್ರಭೇದದ ವರ್ಣನೆಯನ್ನು ಲ್ಯಾಟಿನ್ನಿನಲ್ಲೇ ಬರೆಯಬೇಕೆಂಬ ಕಟ್ಟುಪಾಡು 2012ರ ಜನವರಿಯಿಂದ ಸಡಿಲಗೊಂಡು ಇಂಗ್ಲಿಷಿಗೂ ಅವಕಾಶವಾಯಿತು. ಹೆಸರಿಗೆ ಮಾತ್ರ ಇಂದಿಗೂ ಲ್ಯಾಟಿನ್ ರೂಪವೇ.