ಮೊದಲು ಮೆಕ್ಯಾನಿಕ್, ಆಮೇಲೆ ಫಿಯಟ್

ತಿಪಟೂರಿನ ಹತ್ತಿರದ ಒಂದು ತೋಟದ ಮನೆ. ಕೊಟ್ಟಿಗೆಯ ಪಕ್ಕದ ಶೆಡ್ಡಿನಲ್ಲಿ ಹನ್ನೊಂದು ವರ್ಷದಿಂದ ಕದಲದೆ ನಿಂತಿದ್ದ ಫಿಯಟ್ ನೋಡಲು ಹೋಗಿದ್ದೆವು. ಜೊತೆಗೆ ಬಂದಿದ್ದ ಹಿರಿಯ ಮೆಕ್ಯಾನಿಕ್ ಜೇಬಿನಿಂದ ಮೊದಲು ತೆಗೆದದ್ದು ಹಳೇ ಸ್ಪೀಕರಿನಿಂದ ಕಿತ್ತಿಟ್ಟುಕೊಂಡಿದ್ದ ಒಂದು ಅಯಸ್ಕಾಂತ. ಅದಕ್ಕೆ ಬಟ್ಟೆ ಸುತ್ತಿ ಬಾಗಿಲಿನ ಕೆಳಗೆ, ಮಡ್‌ಗಾರ್ಡಿನ ಅಂಚಿಗೆ, ಹೆಡ್‌ಲೈಟಿನ ಸುತ್ತ ಇಟ್ಟು ಇಟ್ಟು ನೋಡಿದರು. ಎಲ್ಲ ಕಡೆ ಕಚ್ಚಿಕೊಂಡಿತು. ಎಡಗಡೆ ಹಿಂದಿನ ಚಕ್ರದ ಮೇಲೆ ಮಾತ್ರ ಪಟಕ್ಕನೆ ಕೆಳಗೆ ಬಿತ್ತು. "ಇಲ್ಲಿ ತಗಡಿಲ್ಲ ಸಾರ್, ಬರೀ ಪುಟ್ಟಿ" ಎಂದರು. ಆಮೇಲೆ ಗೋಣಿಚೀಲ ಹಾಸಿಕೊಂಡು ಕಾರಿನ ಅಡಿಗೆ ನುಸುಳಿದವರು ಮುಕ್ಕಾಲು ಗಂಟೆ ಹೊರಗೆ ಬರಲಿಲ್ಲ. ಬಂದವರು ಬಾನೆಟ್ ಕಡೆಗೆ ತಿರುಗಿಯೂ ನೋಡದೆ ಹೇಳಿದರು: "ಇಂಜಿನ್ ಸತ್ತಿದ್ರೂ ಎಬ್ಬಿಸ್ತೀನಿ. ನೆಲ ಗಟ್ಟಿ ಇದೆ, ತಗೊಳ್ಳಿ."

1984ರ ಆ ಪ್ರೀಮಿಯರ್ ಪದ್ಮಿನಿ ನಮ್ಮ ಮನೆಗೆ ಬಂದು ಏಳು ವರ್ಷವಾಯಿತು. ಹಳೇ ಕಾರು ಕೊಳ್ಳುವ ಆಸೆ ಹೊತ್ತು ನನ್ನನ್ನು ಕೇಳುವವರಿಗೆ ನಾನು ಹೇಳುವುದೆಲ್ಲ ಅವತ್ತು ಆ ಶೆಡ್ಡಿನಲ್ಲಿ ಕಲಿತದ್ದೇ. ಕಾರು ಹುಡುಕಬೇಡಿ, ಮೊದಲು ಅದರ ಕೆಲಸ ಬಲ್ಲವರನ್ನು ಹುಡುಕಿ.

ಪದ್ಮಿನಿ ಎಂಬ ಹೆಸರು ಕಾಗದದಲ್ಲಿ ಇತ್ತೇ ಹೊರತು ನಮ್ಮ ಊರುಗಳಲ್ಲಿ ಯಾರ ಬಾಯಲ್ಲೂ ಬರಲಿಲ್ಲ. ಎಲ್ಲರಿಗೂ ಅದು ಫಿಯಟ್ಟೇ. ಡಾಕ್ಟರ ಫಿಯಟ್ಟು, ವಕೀಲರ ಫಿಯಟ್ಟು, ರೈಸ್‌ಮಿಲ್ಲಿನವರ ಫಿಯಟ್ಟು. ಅದಕ್ಕೆ ಕಾರಣವೂ ಇದೆ. ಇಟಲಿಯ ಫಿಯಟ್ ಕಂಪನಿ 1953ರಲ್ಲಿ 1100 ಮಾದರಿಯ ಹೊಸ ರೂಪವನ್ನು ಹೊರತಂದಿತು. ಇಲ್ಲಿ ಅದನ್ನು ತಯಾರಿಸಿದ್ದು ವಾಲ್‌ಚಂದ್ ಹಿರಾಚಂದ್ 1944ರಲ್ಲಿ ಕಟ್ಟಿದ ಪ್ರೀಮಿಯರ್ ಆಟೊಮೊಬೈಲ್ಸ್, ಮುಂಬೈನ ಕುರ್ಲಾದಲ್ಲಿ. ಮೊದಮೊದಲು ಬಂದ ಕಾರುಗಳಲ್ಲಿ ಮುಂದಿನ ಬಾಗಿಲು ಹಿಂದುಮುಂದಾಗಿ ತೆರೆಯುತ್ತಿತ್ತು. 1964ರಲ್ಲಿ '1100 ಡಿಲೈಟ್' ಬಂದಾಗ ಬಾಗಿಲುಗಳು ಈಗಿನ ರೀತಿಗೆ ತಿರುಗಿದವು. ಮುಂದೆ ಫಿಯಟ್ ಹೆಸರು ಬಿಟ್ಟುಹೋಗಿ ಕೆಲಕಾಲ 'ಪ್ರೀಮಿಯರ್ ಪ್ರೆಸಿಡೆಂಟ್' ಆಯಿತು. 1974ರಲ್ಲಿ ಚಿತ್ತೋರಿನ ರಾಣಿಯ ಹೆಸರು ಬಂತು. ಇಟಲಿಯಲ್ಲಿ 1966ಕ್ಕೇ ನಿಂತುಹೋದ ಮಾದರಿ ಇಲ್ಲಿ ಹೆಚ್ಚೇನೂ ಬದಲಾಗದೆ ಸುಮಾರು 2000ದವರೆಗೂ ತಯಾರಾಯಿತು.

ಬದಲಾಗಲಿಲ್ಲ ಎಂಬುದು ಕಂಪನಿಯ ಹೆಮ್ಮೆಯೇನಲ್ಲ. ಪೈಪೋಟಿ ಇರಲಿಲ್ಲ, ಅಷ್ಟೆ. ಅಂಬಾಸಿಡರ್, ಫಿಯಟ್, ಸ್ಟ್ಯಾಂಡರ್ಡ್ ಬಿಟ್ಟರೆ ಮಧ್ಯಮ ವರ್ಗದವರಿಗೆ ಬೇರೆ ಆಯ್ಕೆ ಇಲ್ಲದ ಕಾಲ. ದುಡ್ಡು ಕಟ್ಟಿ ವರ್ಷಗಟ್ಟಲೆ ಕಾಯಬೇಕಿತ್ತು. 1983ರ ಡಿಸೆಂಬರ್‌ನಲ್ಲಿ ಮಾರುತಿ 800 ಬಂದ ಮೇಲೆ ಜನ ಅತ್ತ ಹರಿದದ್ದು ನ್ಯಾಯವಾಗಿಯೇ ಇತ್ತು. ಆದರೂ ಆ ಬದಲಾಗದ ಮೂವತ್ತೈದು ವರ್ಷ ಇವತ್ತು ಕೊಳ್ಳುವವನಿಗೆ ವರವಾಗಿದೆ. ಎಪ್ಪತ್ತರ ದಶಕದ ಕಾರಿಗೆ ತೊಂಬತ್ತರ ದಶಕದ ಕಾರಿನ ಎಷ್ಟೋ ಸಾಮಾನು ಕೂರುತ್ತದೆ. ಒಂದು ಗುಜರಿ ಕಾರು ಇನ್ನೊಂದನ್ನು ಹತ್ತು ವರ್ಷ ಸಾಕಬಲ್ಲದು.

ಈ ಕಾರನ್ನು ಕುಟುಂಬದ ಕಾರು ಎನ್ನುವಾಗ ನನಗೆ ಲಾಲ್ ಬಹದ್ದೂರ್ ಶಾಸ್ತ್ರಿಯವರ ಫಿಯಟ್ ನೆನಪಾಗುತ್ತದೆ. ಪ್ರಧಾನಿಯಾಗಿದ್ದಾಗ ಮಕ್ಕಳ ಒತ್ತಾಯಕ್ಕೆ ಅವರು ಕೊಂಡ 1964ರ ಮಾದರಿ. ಬೆಲೆ 12,000 ರೂಪಾಯಿ. ಕೈಯಲ್ಲಿದ್ದದ್ದು ಏಳು ಸಾವಿರ. ಉಳಿದ ಐದು ಸಾವಿರಕ್ಕೆ ಪಂಜಾಬ್ ನ್ಯಾಷನಲ್ ಬ್ಯಾಂಕಿನಲ್ಲಿ ಸಾಲ. 1966ರ ಜನವರಿಯಲ್ಲಿ ಅವರು ತಾಷ್ಕೆಂಟಿನಲ್ಲಿ ತೀರಿಕೊಂಡಾಗ ಸಾಲ ಇನ್ನೂ ಬಾಕಿ ಇತ್ತು. ಅದನ್ನು ಲಲಿತಾ ಶಾಸ್ತ್ರಿಯವರು ತಮ್ಮ ಪಿಂಚಣಿಯಿಂದ ತೀರಿಸಿದರು. ಆ ಕಾರು ಈಗಲೂ ದೆಹಲಿಯ ಅವರ ಸ್ಮಾರಕದಲ್ಲಿದೆ. ದೇಶದ ಪ್ರಧಾನಿಗೂ ತಾಲ್ಲೂಕು ಡಾಕ್ಟರಿಗೂ ಕಾರೆಂದರೆ ಸಾಲ ಮಾಡಿ ಕೊಳ್ಳುವ ಒಂದೇ ಬಗೆಯ ವಸ್ತುವಾಗಿದ್ದ ಕಾಲವದು. ಇಂಥ ಮನೆಗಳಲ್ಲಿ ಕಾರನ್ನು ದನಕರುವಿನ ಹಾಗೆ ನೋಡಿಕೊಂಡರು. ಆಯುಧಪೂಜೆಯ ದಿನ ಕುಂಬಳಕಾಯಿ ಒಡೆದ ಕುಂಕುಮದ ಕಲೆ ನಮ್ಮ ಕಾರಿನ ಡಿಕ್ಕಿಯ ಮೂಲೆಯಲ್ಲಿ ಈಗಲೂ ಇದೆ. ಪೇಂಟ್ ಮಾಡಿಸುವಾಗ ಅದೊಂದನ್ನು ಉಜ್ಜಬೇಡಿ ಎಂದು ಹೇಳಿ ಉಳಿಸಿಕೊಂಡೆ.

ಇನ್ನು ಕೊಳ್ಳುವ ವಿಷಯ. ಮೆಕ್ಯಾನಿಕ್ ನೆಲಕ್ಕೆ ಅಷ್ಟು ಮಹತ್ವ ಕೊಟ್ಟದ್ದೇಕೆ ಎಂದು ನನಗೆ ಅವತ್ತು ತಿಳಿದಿರಲಿಲ್ಲ. ಈ ಕಾರಿಗೆ ಲಾರಿ, ಜೀಪುಗಳಿಗಿರುವಂತೆ ಬೇರೆ ಚಾಸಿಸ್ ಇಲ್ಲ. ತಗಡಿನ ನೆಲ, ಬಾಗಿಲ ಕೆಳಗಿನ ಪೆಟ್ಟಿಗೆಯಂಥ ಪಟ್ಟಿಗಳು, ಕಂಬಗಳು, ಸೂರು ಎಲ್ಲ ಒಂದಕ್ಕೊಂದು ಬೆಸೆದು ಇಡೀ ಮೈಯೇ ಭಾರ ಹೊರುತ್ತದೆ. ಬಾಗಿಲ ಕೆಳಗಿನ ಪಟ್ಟಿ ತುಕ್ಕು ತಿಂದಿದ್ದರೆ ಮೇಲೆ ಎಷ್ಟೇ ಹೊಳಪಿರಲಿ, ಕಾರು ನಡುವಿನಲ್ಲಿ ಕುಸಿಯುತ್ತಿದೆ ಎಂದರ್ಥ. ಅದನ್ನು ಪತ್ತೆಹಚ್ಚಲು ಅವರು ತೋರಿಸಿದ ಉಪಾಯ ಇದು: ನಾಲ್ಕೂ ಬಾಗಿಲುಗಳನ್ನು ಒಂದೊಂದಾಗಿ ತೆರೆದು, ಕೈ ಬಿಟ್ಟು, ಮೆಲ್ಲಗೆ ಮುಚ್ಚಿ. ಎತ್ತಿ ಹಾಕಬೇಕಾಗಿ ಬಂದರೆ ಅನುಮಾನ ಪಡಿ. ರಬ್ಬರ್ ಮ್ಯಾಟ್ ಎತ್ತಿ ಡ್ರೈವರ್ ಕಾಲಿಡುವ ಜಾಗ ನೋಡಿ. ಡಿಕ್ಕಿಯಲ್ಲಿ ಸ್ಟೆಪ್ನಿ ಎತ್ತಿ ಅದರ ಅಡಿ ನೋಡಿ. ನೀರು ನಿಲ್ಲುವುದು ಅಲ್ಲೇ. ಸಮುದ್ರದ ಗಾಳಿ ಕುಡಿದ ಕರಾವಳಿಯ ಕಾರಿಗಿಂತ ತುಮಕೂರು, ಚಿತ್ರದುರ್ಗ, ಬಳ್ಳಾರಿ ಕಡೆಯ ಒಣ ನೆಲದ ಕಾರು ಮೇಲು. ಹೊಸ ಪೇಂಟಿನ ಮಿರಮಿರ ಕಾರಿಗಿಂತ ಬಣ್ಣ ಮಾಸಿದ, ಗೀರು ಬಿದ್ದ ಕಾರು ಮೇಲು. ಅದು ಏನನ್ನೂ ಮುಚ್ಚಿಟ್ಟಿರುವುದಿಲ್ಲ.

ಇಂಜಿನ್ ಸರಳ. ನಾಲ್ಕು ಸಿಲಿಂಡರ್, 1089 ಸಿಸಿ, ಸುಮಾರು 40 ಅಶ್ವಶಕ್ತಿ. ಕಾರ್ಬ್ಯುರೇಟರ್, ಡಿಸ್ಟ್ರಿಬ್ಯೂಟರ್, ಪಾಯಿಂಟ್ ಸೆಟ್ ಎಲ್ಲ ಕೈಗೆಟುಕುವ ಜಾಗದಲ್ಲಿ, ಬಾನೆಟ್ ಎತ್ತಿದರೆ ಪುಸ್ತಕ ತೆರೆದಿಟ್ಟಂತೆ ಕಾಣುತ್ತವೆ. ಅದರ ಒಂದೇ ದೌರ್ಬಲ್ಯ ಬಿಸಿ. ಬ್ಲಾಕ್ ಬೀಡುಕಬ್ಬಿಣ, ಹೆಡ್ ಅಲ್ಯೂಮಿನಿಯಂ. ರೇಡಿಯೇಟರ್ ಕಟ್ಟಿಕೊಂಡು ಒಮ್ಮೆ ಕಾದರೆ ಹೆಡ್ ಸೊಟ್ಟಗಾಗಿ ಗ್ಯಾಸ್ಕೆಟ್ ಹೋಗುತ್ತದೆ. ಹಾಗಾಗಿ ಕಾರು ನೋಡಲು ಹೋದಾಗ ಡಿಪ್‌ಸ್ಟಿಕ್ ಎಳೆದು ನೋಡಿ. ಆಯಿಲ್ ಹಾಲು ಬೆರೆತ ಕಾಫಿಯಂತೆ ಕಂಡರೆ ನೀರು ಒಳಗಿಳಿದಿದೆ ಎಂದು ತಿಳಿದು ಬೆಲೆ ಮಾತಾಡಿ. ವರ್ಷಗಟ್ಟಲೆ ನಿಂತ ಇಂಜಿನ್ನಿಗೆ ಬ್ಯಾಟರಿ ಕೊಟ್ಟು ಏಕಾಏಕಿ ಸ್ಟಾರ್ಟ್ ಮಾಡಲು ಯಾರಿಗೂ ಬಿಡಬೇಡಿ. ನಮ್ಮ ಮೆಕ್ಯಾನಿಕ್ ಪ್ಲಗ್ ಬಿಚ್ಚಿ ಪ್ರತಿ ಸಿಲಿಂಡರಿಗೂ ಒಂದಿಷ್ಟು ಎಣ್ಣೆ ಬಿಟ್ಟು ಎರಡು ದಿನ ಸುಮ್ಮನಿದ್ದರು. ಮೂರನೇ ದಿನ ಕೈಯಿಂದಲೇ ತಿರುಗಿಸಿದರು. ನಾಲ್ಕನೇ ದಿನ ಅದು ಕೆಮ್ಮಿ, ಹೊಗೆ ಉಗುಳಿ, ನಿಂತಿತು. ಐದನೇ ದಿನ ನಿಲ್ಲಲಿಲ್ಲ.

ಕಾಗದಪತ್ರದ ಕಷ್ಟ ತಗಡಿನ ಕಷ್ಟಕ್ಕಿಂತ ದೊಡ್ಡದು. ಹಳೇ ಫಿಯಟ್ಟುಗಳಲ್ಲಿ ಬಹುಪಾಲು ಈಗ ಇಲ್ಲದವರ ಹೆಸರಿನಲ್ಲಿವೆ. ಮಾಲೀಕರು ತೀರಿಕೊಂಡಿದ್ದರೆ ಮೊದಲು ಅವರ ವಾರಸುದಾರರ ಹೆಸರಿಗೆ ಫಾರಂ 31ರಲ್ಲಿ ವರ್ಗವಾಗಬೇಕು. ಅದಕ್ಕೆ ಮರಣ ಪ್ರಮಾಣಪತ್ರ, ವಂಶವೃಕ್ಷ, ಉಳಿದ ಮಕ್ಕಳ ಒಪ್ಪಿಗೆ ಬೇಕು. ಆಮೇಲಷ್ಟೇ 29, 30ನೇ ಫಾರಂಗಳಲ್ಲಿ ನಿಮ್ಮ ಹೆಸರಿಗೆ. ಕೆಎ ನಂಬರು ಬರುವುದಕ್ಕೆ ಮುಂಚಿನ ಕಾರಾದರೆ ದಾಖಲೆ ಇನ್ನೂ ಆರ್‌ಟಿಒ ಕಚೇರಿಯ ಲೆಡ್ಜರಿನಲ್ಲೇ ಇದ್ದು ಕಂಪ್ಯೂಟರಿಗೆ ಏರಿರದಿರಬಹುದು. ಅದನ್ನು ಏರಿಸುವ ತನಕ ಮುಂದಿನ ಯಾವ ಕೆಲಸವೂ ಆಗದು. ಆರ್‌ಸಿ ಬುಕ್ಕಿನ ಇಂಜಿನ್ ನಂಬರು, ಚಾಸಿಸ್ ನಂಬರು ಕಾರಿನ ಮೇಲಿರುವುದಕ್ಕೆ ತಾಳೆಯಾಗದಿದ್ದರೆ ಎಷ್ಟೇ ಅಗ್ಗಕ್ಕೆ ಸಿಕ್ಕರೂ ಕೈಮುಗಿದು ಬಂದುಬಿಡಿ.

ಹದಿನೈದು ವರ್ಷ ತುಂಬಿದ ಖಾಸಗಿ ಕಾರಿನ ನೋಂದಣಿಯನ್ನು ಐದೈದು ವರ್ಷಕ್ಕೊಮ್ಮೆ ತಪಾಸಣೆ ಮಾಡಿಸಿ ನವೀಕರಿಸಬೇಕು. 2022ರ ಏಪ್ರಿಲ್‌ನಿಂದ ಅದರ ಶುಲ್ಕ 5,000 ರೂಪಾಯಿ ಆಯಿತು. 2025ರಲ್ಲಿ ಇಪ್ಪತ್ತು ವರ್ಷ ದಾಟಿದ ಕಾರಿಗೆ ಅದನ್ನು 10,000ಕ್ಕೆ ಏರಿಸಿದರು. ಇದರ ಮೇಲೆ ಹಸಿರು ತೆರಿಗೆ, ವಿಮೆ, ಎಮಿಷನ್ ಟೆಸ್ಟ್. 2021ರಲ್ಲಿ ಕೇಂದ್ರ ಸರ್ಕಾರ ವಿಂಟೇಜ್ ವಾಹನಗಳಿಗೆ ಬೇರೆಯೇ ನೋಂದಣಿ ತಂದಿದೆ. ಐವತ್ತು ವರ್ಷ ದಾಟಿದ, ಮೂಲರೂಪ ಕೆಡದ ವಾಹನಕ್ಕೆ 20,000 ರೂಪಾಯಿ ಕಟ್ಟಿದರೆ ಹತ್ತು ವರ್ಷದ ನೋಂದಣಿ. ಡಿಲೈಟ್ ಕಾರುಗಳೂ ಮೊದಮೊದಲ ಪದ್ಮಿನಿಗಳೂ ಈಗ ಆ ವಯಸ್ಸಿಗೆ ಬಂದಿವೆ. ಆದರೆ ಹಾಗೆ ನೋಂದಾಯಿಸಿದ ಕಾರನ್ನು ದಿನಬಳಕೆಗೆ ರಸ್ತೆಗಿಳಿಸುವಂತಿಲ್ಲ. ಪ್ರದರ್ಶನ, ರ‍್ಯಾಲಿ, ರಿಪೇರಿಯಂಥ ಕೆಲಸಕ್ಕೆ ಮಾತ್ರ. ನನ್ನ ಮಟ್ಟಿಗೆ ಅದು ಬೇಡ. ತರಕಾರಿ ತರಲು ಹೋಗದ ಫಿಯಟ್ ಫಿಯಟ್ಟೇ ಅಲ್ಲ.

ಇದನ್ನು ಹಟಕ್ಕೆ ಹೇಳುತ್ತಿಲ್ಲ. ಓಡದಿದ್ದರೆ ಈ ಕಾರು ಕೆಡುತ್ತದೆ. ಬ್ರೇಕಿನ ರಬ್ಬರುಗಳು ಒಣಗುತ್ತವೆ, ಟ್ಯಾಂಕಿನೊಳಗೆ ತುಕ್ಕು ಕೂರುತ್ತದೆ, ಕಾರ್ಬ್ಯುರೇಟರಿನಲ್ಲಿ ಪೆಟ್ರೋಲ್ ಆರಿ ಅಂಟಾಗುತ್ತದೆ. ಈಗಂತೂ ಬಂಕಿನಲ್ಲಿ ಸಿಗುವುದು ಶೇ 20ರಷ್ಟು ಎಥೆನಾಲ್ ಬೆರೆತ ಪೆಟ್ರೋಲ್. ಎಥೆನಾಲ್ ಗಾಳಿಯ ತೇವ ಹೀರುತ್ತದೆ, ಹಳೇ ಕಾಲದ ರಬ್ಬರನ್ನು ಮೆತ್ತಗೆ ಮಾಡುತ್ತದೆ. ಎರಡು ವರ್ಷದ ಹಿಂದೆ ನಮ್ಮ ಪೆಟ್ರೋಲ್ ಪಂಪಿನ ಡಯಾಫ್ರಂ ಹರಿದದ್ದು ಹೀಗೇ. ಪೈಪುಗಳನ್ನೆಲ್ಲ ಎಥೆನಾಲ್ ತಾಳುವ ಹೊಸ ರಬ್ಬರಿಗೆ ಬದಲಾಯಿಸಿದೆವು. ಟ್ಯಾಂಕ್ ತುಂಬಿಸಿ ತಿಂಗಳುಗಟ್ಟಲೆ ನಿಲ್ಲಿಸುವುದನ್ನು ಬಿಟ್ಟೆ. ಬೇಕಾದಷ್ಟು ಹಾಕಿಸಿ, ವಾರಕ್ಕೆ ಎರಡು ಸಲ ಓಡಿಸುತ್ತೇನೆ.

ಓಡಿಸುವ ಸುಖವನ್ನು ಬರೆದು ಮುಗಿಸಲಾರೆ. ಸ್ಟೇರಿಂಗಿನ ಪಕ್ಕದ ಹ್ಯಾಂಡ್ ಗೇರ್ ಕೈಗೆ ಒಗ್ಗಲು ಒಂದು ವಾರ ಬೇಕು. ಒಗ್ಗಿದ ಮೇಲೆ ಎರಡು ಬೆರಳು ಸಾಕು. ಕಾರು ಪೂರ್ತಿ ನಿಂತ ಮೇಲೆಯೇ ಒಂದನೇ ಗೇರಿಗೆ ಹಾಕಬೇಕು. ಮುಂದಿನ ಕಿಟಕಿಯ ಮೂಲೆಯ ತಿರುಗುವ ಚಿಕ್ಕ ಗಾಜನ್ನು ಓರೆಯಾಗಿಸಿದರೆ ಎ.ಸಿ. ಇಲ್ಲದ ಕೊರತೆ ಊರು ದಾಟಿದೊಡನೆ ಮರೆಯುತ್ತದೆ. ಉದ್ದ ನಾಲ್ಕು ಮೀಟರಿಗೂ ಕಡಿಮೆ, ಇವತ್ತಿನ ಸಣ್ಣ ಸೆಡಾನುಗಳ ಅಳತೆಯೇ. ಆದರೂ ಅಮ್ಮ ಸೀರೆ ಎತ್ತಿಕಟ್ಟದೆ ಹತ್ತಿ ನೆಟ್ಟಗೆ ಕೂರುವಷ್ಟು ಎತ್ತರ. ನಾಲ್ಕೂ ಚಕ್ರಕ್ಕೆ ಡ್ರಮ್ ಬ್ರೇಕು. ನೀರು ನಿಂತ ರಸ್ತೆ ದಾಟಿದ ಮೇಲೆ ಪೆಡಲನ್ನು ಮೆಲ್ಲಗೆ ಒತ್ತಿಕೊಂಡು ಹೋಗಿ ಒಣಗಿಸಿಕೊಳ್ಳಬೇಕು. ಘಾಟಿ ಇಳಿಯುವಾಗ ಹತ್ತುವ ಗೇರಿನಲ್ಲೇ ಇಳಿಯಬೇಕು. ಕಳೆದ ಬೇಸಿಗೆ ಚಾರ್ಮಾಡಿ ಏರುವಾಗ ಪೆಟ್ರೋಲ್ ಪಂಪ್ ಕಾದು ಕಾರು ನಿಂತಿತು. ಪಂಪಿನ ಮೇಲೆ ಒದ್ದೆ ಬಟ್ಟೆ ಹಾಕಿ ಹತ್ತು ನಿಮಿಷ ಮಂಜು ನೋಡುತ್ತ ಕೂತೆವು. ಮತ್ತೆ ಹೊರಟಿತು. ಅರವತ್ತರ ವೇಗ ಮೀರದೆ ಹೋದರೆ ಅದು ಕೈಬಿಡುವುದಿಲ್ಲ. ಅವಸರ ಇರುವವರು ಬೇರೆ ಕಾರು ನೋಡಿಕೊಳ್ಳಲಿ.

ಬಿಡಿಭಾಗ ಇನ್ನೂ ಸಿಗುತ್ತವೆ. ಬೆಂಗಳೂರಿನ ಜೆ.ಸಿ. ರಸ್ತೆಯ ಹಳೇ ಅಂಗಡಿಗಳಲ್ಲಿ, ಶಿವಾಜಿನಗರದ ಗುಜರಿಯಲ್ಲಿ ತಾಳ್ಮೆಯಿಂದ ಕೇಳಬೇಕು. ಆದರೆ ಇಷ್ಟು ವರ್ಷ ಆ ವ್ಯಾಪಾರ ನಡೆದದ್ದರಲ್ಲಿ ಮುಂಬೈನ ಕಪ್ಪು-ಹಳದಿ ಟ್ಯಾಕ್ಸಿಗಳ ಪಾಲು ದೊಡ್ಡದು. ಇಪ್ಪತ್ತು ವರ್ಷದ ಮಿತಿ ತುಂಬಿ 2023ರ ಅಕ್ಟೋಬರ್ ಕೊನೆಗೆ ಅಲ್ಲಿನ ಕಟ್ಟಕಡೆಯ ಪದ್ಮಿನಿ ಟ್ಯಾಕ್ಸಿಯೂ ರಸ್ತೆ ಬಿಟ್ಟಿತು. ದಿನಾ ಓಡುವ ಗಿರಾಕಿ ಹೋದ ಮೇಲೆ ಕ್ಲಚ್ ಪ್ಲೇಟು, ಬ್ರೇಕ್ ಸಿಲಿಂಡರು ಯಾರು ಮಾಡುತ್ತಾರೆ? ಸಿಕ್ಕಾಗ ಎರಡು ಕೊಂಡಿಟ್ಟುಕೊಳ್ಳುವುದು ನನ್ನ ಪದ್ಧತಿ. ಹೆಡ್ ಗ್ಯಾಸ್ಕೆಟ್, ವಾಟರ್ ಪಂಪ್, ಪಾಯಿಂಟ್ ಸೆಟ್, ವಿಂಡ್‌ಸ್ಕ್ರೀನಿನ ರಬ್ಬರು, ಇಷ್ಟು ಮನೆಯ ಅಟ್ಟದ ಮೇಲಿವೆ.

ಅಟ್ಟದ ಮೇಲೆ ಇಡಲಾಗದ್ದು ಒಂದಿದೆ. ಒಮ್ಮೆ ಇಂಜಿನ್ ಸದ್ದಿನಲ್ಲಿ ಏನೋ ವ್ಯತ್ಯಾಸವಿದೆ ಎಂದು ನಮ್ಮ ಮೆಕ್ಯಾನಿಕ್ಕಿನ ಗ್ಯಾರೇಜಿಗೆ ಒಯ್ದೆ. ನಾನು ಬಾಯಿ ತೆರೆಯುವ ಮೊದಲೇ, ಕಾರು ಗೇಟಿನೊಳಗೆ ಬರುವಷ್ಟರಲ್ಲಿ, ಅವರು ಒಳಗಿಂದ ಕೂಗಿದರು: "ಮೂರನೇ ಟ್ಯಾಪೆಟ್ ಸಡಿಲ ಆಗಿದೆ ಸಾರ್." "ಅದು ಹೇಗೆ ಗೊತ್ತಾಯ್ತು ಯಜಮಾನ್ರೇ?" ಎಂದರೆ, "ಹದಿನಾಲ್ಕು ವಯಸ್ಸಿಂದ ಕೇಳ್ತಾ ಇದೀನಲ್ಲ" ಎಂದರು. ಬಿಚ್ಚಿ ನೋಡಿದಾಗ ಮೂರನೆಯದೇ.

ಶ್ರೀರಂಗಪಟ್ಟಣದ ಬಳಿಯ 'ಪಯಣ' ಸಂಗ್ರಹಾಲಯಕ್ಕೆ ಹೋದರೆ ಹಳೇ ಕಾರುಗಳನ್ನು ಎಷ್ಟು ಚಂದವಾಗಿ ಉಳಿಸಬಹುದೆಂದು ಕಣ್ಣಾರೆ ನೋಡಬಹುದು. ಕಾರು ಹಾಗೆ ಉಳಿಯುತ್ತದೆ. ಆ ಕಿವಿ ಉಳಿಯುವುದು ಕೆಲಸವಿದ್ದರೆ ಮಾತ್ರ. ಆದ್ದರಿಂದ ನಿಮ್ಮ ತೋಟದ ಶೆಡ್ಡಿನಲ್ಲೋ ಹಿತ್ತಲಿನಲ್ಲೋ ಅಪ್ಪನ ಫಿಯಟ್ ನಿಂತಿದ್ದರೆ ಗುಜರಿಯವನಿಗೆ ಫೋನ್ ಮಾಡುವ ಮೊದಲು ನಿಮ್ಮ ಊರಿನ ಹಳೇ ಮೆಕ್ಯಾನಿಕ್ ಒಬ್ಬರನ್ನು ಕರೆದುತಂದು ತೋರಿಸಿ. ಅವರ ಜೊತೆ ನಿಂತು ನೋಡಿ, ಅವರು ಮಾಡುವುದನ್ನು ಬರೆದಿಟ್ಟುಕೊಳ್ಳಿ, ಮನೆಯಲ್ಲಿ ಆಸಕ್ತಿ ಇರುವ ಮಕ್ಕಳಿದ್ದರೆ ಪಕ್ಕದಲ್ಲಿ ನಿಲ್ಲಿಸಿ. ನಮ್ಮ ಮೆಕ್ಯಾನಿಕ್ಕಿಗೆ ಈಗ ಎಪ್ಪತ್ತನಾಲ್ಕು. ಅವರ ಗ್ಯಾರೇಜಿನಲ್ಲಿ ಕೆಲಸ ಕಲಿಯಲು ಸದ್ಯ ಯಾರೂ ಇಲ್ಲ.