ಹಳೆಯ ಆಟ ಅಳಿಸಿ ಹೊಸದಾಗಿ ಶುರು ಮಾಡುವುದು ಹೇಗೆ?

ಪ್ರಶ್ನೆ: ಅಣ್ಣನ ಹಳೆಯ ಗೇಮ್ ಬಾಯ್ ಸಿಕ್ಕಿದೆ, ಒಳಗೆ ಪೋಕೆಮಾನ್ ರೆಡ್ ಇದೆ. ಅವನ ಆಟ ಅಳಿಸಿ ನಾನು ಮೊದಲಿನಿಂದ ಆಡಬಹುದೇ?

ಉತ್ತರ: ಖಂಡಿತ ಆಡಬಹುದು. ಮೆನುವಿನಲ್ಲಿ ‘ನ್ಯೂ ಗೇಮ್’ ಒತ್ತಿದರೆ ಆಟ ಮೊದಲಿನಿಂದ ಶುರುವಾಗುತ್ತದೆ. ಆದರೆ ಆ ಕ್ಷಣಕ್ಕೆ ಹಳೆಯದೇನೂ ಅಳಿಯುವುದಿಲ್ಲ. ನೀವು ಸೇವ್ ಮಾಡಲು ಹೋದಾಗ, ಹಳೆಯ ಫೈಲ್ ಅಳಿಸಲೇ ಎಂದು ಆಟವೇ ಕೇಳುತ್ತದೆ. ಏಕೆಂದರೆ ಈ ಕಾರ್ಟ್ರಿಜ್‌ನಲ್ಲಿ ಒಬ್ಬರ ಆಟಕ್ಕಷ್ಟೇ ಜಾಗ.

ಪೂರ್ತಿ ಅಳಿಸಿಯೇ ಶುರು ಮಾಡಬೇಕೆಂದರೆ ಶೀರ್ಷಿಕೆಯ ಪರದೆ ಬಂದಾಗ ಮೇಲ್ಮುಖದ ಬಾಣ, ಸೆಲೆಕ್ಟ್, ಬಿ, ಈ ಮೂರನ್ನೂ ಒಟ್ಟಿಗೆ ಒತ್ತಿ. ಅಳಿಸಲೇ ಎಂಬ ಪ್ರಶ್ನೆ ಮೂಡುತ್ತದೆ. ಗುರುತು ಮಾತ್ರ ‘ನೋ’ ಎಂಬುದರ ಮೇಲೇ ನಿಂತಿರುತ್ತದೆ, ನೀವೇ ಕೆಳಗಿಳಿಸಿ ‘ಯೆಸ್’ ಒತ್ತಬೇಕು. ಮಕ್ಕಳ ಬೆರಳು ತಪ್ಪುವುದನ್ನು ನೆನೆದು ಮಾಡಿದ ಈ ಏರ್ಪಾಡು ನನಗೆ ಬಹಳ ಇಷ್ಟ.

ಅಣ್ಣನ ಆಟ ಉಳಿದಿರುವುದು 32 ಕಿಲೋಬೈಟ್‌ನ ಪುಟ್ಟ ಮೆಮೊರಿ ಚಿಪ್‌ನಲ್ಲಿ. ಅದನ್ನು ಜೀವಂತ ಇಟ್ಟಿರುವುದು ಕಾರ್ಟ್ರಿಜ್‌ನೊಳಗೆ ಬೆಸುಗೆ ಹಾಕಿದ ನಾಣ್ಯದಂಥ ಬ್ಯಾಟರಿ. ಅದು ಬತ್ತಿದರೆ ಎಲ್ಲವೂ ತಾನಾಗಿ ಹೋಗುತ್ತದೆ.

ಅಳಿಸಿದ್ದನ್ನು ಮರಳಿ ತರುವ ದಾರಿ ಆಟದಲ್ಲಿಲ್ಲ. ಅಣ್ಣನಿಗೆ ಪ್ರಿಯವಾದ ಪೋಕೆಮಾನ್ ಇದ್ದರೆ ಲಿಂಕ್ ಕೇಬಲ್ ಜೋಡಿಸಿ ಗೆಳೆಯರ ಕಾರ್ಟ್ರಿಜ್‌ಗೆ ಮೊದಲೇ ದಾಟಿಸಿಡಬಹುದು. ದಯವಿಟ್ಟು ಅವನನ್ನು ಒಂದು ಮಾತು ಕೇಳಿಯೇ ‘ಯೆಸ್’ ಒತ್ತಿ.