ಥಂಡಿಯ ಪಾಲು ಎಷ್ಟು?

ಡಿಸೆಂಬರ್ ಬಂತೆಂದರೆ ಹೈದರಾಬಾದಿನ ಪಶ್ಚಿಮದ ಅಂಚು ಹಳೆಯ ಊರಿಗಿಂತ ಹೆಚ್ಚು ನಡುಗುತ್ತದೆ. ಸೆಂಟ್ರಲ್ ಯೂನಿವರ್ಸಿಟಿಯ ಬಂಡೆ, ಕುರುಚಲು, ಬಯಲು ರಾತ್ರಿ ಬೇಗ ತಣ್ಣಗಾಗುತ್ತವೆ. ಅಲ್ಲಿ ಉಷ್ಣಾಂಶ 10 ಡಿಗ್ರಿಗಿಂತ ಕೆಳಗಿಳಿದದ್ದೂ ಉಂಟು. ಪಕ್ಕದ ಕೊಂಡಾಪುರದ ಬೊಟಾನಿಕಲ್ ಗಾರ್ಡನ್ನಿಗೆ ವಾಕಿಂಗ್ ಬರುವವರ ತಲೆಗೆ ಮಂಕಿ ಕ್ಯಾಪ್ ಏರುತ್ತದೆ. ಮೊಮ್ಮಕ್ಕಳನ್ನು ನೋಡಿಕೊಳ್ಳಲು ಬೀದರ, ಕಲಬುರಗಿ ಕಡೆಯಿಂದ ಬಂದ ಅಜ್ಜಿಯರು ಬಾಲ್ಕನಿಯ ಬಾಗಿಲು ಹಾಕಿಸುತ್ತಾರೆ. ಕೂಸು ಕೆಮ್ಮಿದರೆ ತೀರ್ಪು ಸಿದ್ಧ: "ಥಂಡಿ ಹತ್ತೇದ. ಗಾಳ್ಯಾಗ ಒಯ್ಯಬ್ಯಾಡ ಅಂತ ನಾ ಹೇಳ್ಲಿಲ್ಲೇನು?" ಐಟಿ ಕಂಪನಿಯ ಸೊಸೆಯ ಉತ್ತರವೂ ಅಷ್ಟೇ ಸಿದ್ಧ: "ಥಂಡಿಯಿಂದ ಅಲ್ರೀ ಅತ್ತಿ, ವೈರಸ್ಸಿಂದ."

ಈ ಜಗಳ ಲೂಯಿ ಪಾಶ್ಚರನಷ್ಟು ಹಳೆಯದು. ಕೋಳಿಗೆ ಸಾಮಾನ್ಯವಾಗಿ ಅಂಥ್ರಾಕ್ಸ್ ತಗಲುವುದಿಲ್ಲ, ಅದರ ಮೈಬಿಸಿ ಹೆಚ್ಚು. 1878ರಲ್ಲಿ ಪಾಶ್ಚರ್ ರೋಗಾಣು ಚುಚ್ಚಿದ ಕೋಳಿಯ ಕಾಲನ್ನು ತಣ್ಣೀರಿನಲ್ಲಿ ಇಳಿಬಿಟ್ಟ, ಕೋಳಿ ಸತ್ತಿತು. ರೋಗಾಣು ಚುಚ್ಚದೆ ಬರೀ ತಣ್ಣೀರಿನಲ್ಲಿ ನಿಲ್ಲಿಸಿದ್ದು ಬದುಕಿತು. ಅತ್ತೆ-ಸೊಸೆ ಇಬ್ಬರಿಗೂ ಬೇಕಾದ ಸಾಕ್ಷ್ಯ ಇದರಲ್ಲೇ ಇದೆ. ಮೂರು ವರ್ಷದ ನಂತರ, 1881ರಲ್ಲಿ, ಅವನೂ ಅಮೆರಿಕದ ಜಾರ್ಜ್ ಸ್ಟರ್ನ್‌ಬರ್ಗನೂ ಬೇರೆಬೇರೆಯಾಗಿ ನ್ಯುಮೊಕಾಕಸ್ ಬ್ಯಾಕ್ಟೀರಿಯಾವನ್ನು ಕಂಡರು. ನ್ಯುಮೋನಿಯಾದ ದೊಡ್ಡ ಆರೋಪಿ ಅದೇ.

ಇಂಗ್ಲೆಂಡಿನ ಸಾಲ್ಸ್‌ಬರಿಯಲ್ಲಿ ನೆಗಡಿಯ ಸಂಶೋಧನೆಗೆಂದೇ 1946ರಲ್ಲಿ ಒಂದು ಕೇಂದ್ರ ತೆರೆದರು. ಸ್ವಯಂಸೇವಕರಿಗೆ ಬಿಸಿನೀರಿನ ಸ್ನಾನ ಮಾಡಿಸಿ, ಮೈ ಒರೆಸಲು ಬಿಡದೆ ಗಾಳಿ ಹೊಡೆಯುವ ಮೊಗಸಾಲೆಯಲ್ಲಿ ನಿಲ್ಲಿಸಿದರು. ಒದ್ದೆ ಕಾಲುಚೀಲದಲ್ಲೇ ಓಡಾಡಿಸಿದರು. ಅಜ್ಜಿಯರು ಕಂಡಿದ್ದರೆ ಬೆತ್ತ ಹಿಡಿಯುತ್ತಿದ್ದರು. ಆದರೂ ಬರೀ ಚಳಿಯಿಂದ ನೆಗಡಿ ಹುಟ್ಟಲಿಲ್ಲ.

ಅಲ್ಲಿಗೆ ಸೊಸೆ ಗೆದ್ದಳು ಎನ್ನುವಂತಿಲ್ಲ. 2005ರಲ್ಲಿ ಕಾರ್ಡಿಫ್‌ನಲ್ಲಿ 90 ಜನರ ಕಾಲನ್ನು 20 ನಿಮಿಷ ತಣ್ಣೀರಿನಲ್ಲಿ ಇರಿಸಿದರು. ಮುಂದಿನ ನಾಲ್ಕೈದು ದಿನಗಳಲ್ಲಿ ಅವರಲ್ಲಿ 13 ಮಂದಿ ನೆಗಡಿ ಆಯಿತೆಂದರು. ಖಾಲಿ ತೊಟ್ಟಿಯಲ್ಲಿ ಕಾಲಿಟ್ಟು ಕೂತ 90 ಮಂದಿಯಲ್ಲಿ ಐವರು ಮಾತ್ರ. ಮೂಗಿನಲ್ಲಿ ಮೊದಲೇ ಅಡಗಿದ್ದ ವೈರಸ್ಸು ಚಳಿಯ ನೆಪದಲ್ಲಿ ತಲೆಯೆತ್ತಿತು ಎಂಬುದು ಸಂಶೋಧಕರ ಊಹೆ. ನೆಗಡಿಯ ರೈನೊವೈರಸ್ 37 ಡಿಗ್ರಿಗಿಂತ 33 ಡಿಗ್ರಿಯಲ್ಲಿ ಚೆನ್ನಾಗಿ ಬೆಳೆಯುತ್ತದೆ, ತಂಪಾದ ಮೂಗಿನ ಕೋಶಗಳ ಪ್ರತಿರೋಧವೂ ಕುಗ್ಗುತ್ತದೆ ಎಂದು ಯೇಲ್ ವಿಶ್ವವಿದ್ಯಾಲಯದ ತಂಡ 2015ರಲ್ಲಿ ಇಲಿಯ ಕೋಶಗಳಲ್ಲಿ ತೋರಿಸಿತು. ಅಂದರೆ ಚಳಿ ಕಳ್ಳನಲ್ಲ, ಬಾಗಿಲು ತೆರೆದಿಟ್ಟವನು.

ನಮ್ಮ ದೇಶದಲ್ಲಿ ಆ ಬಾಗಿಲು ಚಳಿಗಾಲಕ್ಕಷ್ಟೇ ತೆರೆಯುವುದಿಲ್ಲ. ಇಲ್ಲಿ ಫ್ಲೂ ವರ್ಷಕ್ಕೆ ಎರಡು ಸಲ ಏರುತ್ತದೆ: ಜನವರಿಯಿಂದ ಮಾರ್ಚ್, ಮತ್ತೆ ಮಳೆಗಾಲದ ಹೊತ್ತಿಗೆ. ದೇಶದ ಮೊದಲ ಎಚ್1ಎನ್1 ಪ್ರಕರಣ ಖಚಿತವಾದದ್ದು ಇದೇ ಹೈದರಾಬಾದಿನಲ್ಲಿ, 2009ರ ಮೇ ತಿಂಗಳ ಉರಿಬಿಸಿಲಿನಲ್ಲಿ. ಅದು ವಿಮಾನದಲ್ಲಿ ಬಂದದ್ದು. 2015ರ ಜನವರಿಯಲ್ಲಿ ಅದೇ ವೈರಸ್ಸು ತೆಲಂಗಾಣವನ್ನು ಕಾಡಿದಾಗ ಚಳಿಯೂ ಜೊತೆಗಿತ್ತು. 2018ರಲ್ಲಿ ನ್ಯುಮೋನಿಯಾಕ್ಕೆ ಬಲಿಯಾದ ಐದು ವರ್ಷದೊಳಗಿನ ಮಕ್ಕಳಲ್ಲಿ ಅರ್ಧಕ್ಕೂ ಹೆಚ್ಚು ಐದೇ ದೇಶಗಳವರು: ನೈಜೀರಿಯಾ, ಭಾರತ, ಪಾಕಿಸ್ತಾನ, ಕಾಂಗೊ, ಇಥಿಯೋಪಿಯಾ. ಹಿಮ ಬೀಳುವ ಯುರೋಪಿನ ಒಂದು ದೇಶವೂ ಅದರಲ್ಲಿಲ್ಲ. ಅಪೌಷ್ಟಿಕತೆ, ಹೊಗೆ, ಲಸಿಕೆಯ ಕೊರತೆ, ತಡವಾದ ಚಿಕಿತ್ಸೆ ಕೊಲ್ಲುವಷ್ಟು ಚಳಿ ಕೊಲ್ಲುವುದಿಲ್ಲ.

ಹೊಗೆಯ ಮಾತು ಬಂದದ್ದಕ್ಕೆ ಹೇಳಬೇಕು. ಚಳಿಗಾಲದ ರಾತ್ರಿ ತಣ್ಣನೆಯ ಗಾಳಿ ನೆಲಕ್ಕಂಟಿ ಕೂರುತ್ತದೆ, ಮೇಲಿನ ಬೆಚ್ಚನೆಯ ಪದರ ಅದಕ್ಕೆ ಮುಚ್ಚಳವಾಗುತ್ತದೆ. ಕಟ್ಟಡ ಕೆಲಸದ ಧೂಳು, ಡೀಸೆಲ್ ಹೊಗೆ, ಸೈಟಿನ ಗೇಟಿನಲ್ಲಿ ವಾಚ್‌ಮನ್‌ಗಳು ಹಾಕಿಕೊಂಡ ಬೆಂಕಿ, ಎಲ್ಲವೂ ಅದರಡಿಯೇ ಸುತ್ತುತ್ತವೆ. ಫ್ಲಾಟಿನೊಳಗಿನ ಕಥೆ ಇನ್ನೊಂದು. ಕೂಸಿಗೆ ಎಣ್ಣೆನೀರು ಹಾಕಿ, ಕುಲಾವಿ ಕಟ್ಟಿ, ಕಿಟಕಿ ಮುಚ್ಚಿ, ಕೆಂಡದ ಮೇಲೆ ಲೋಬಾನದ ಪುಡಿ ಉದುರಿಸಿ ಮಗುವನ್ನು ಅದರ ಮೇಲೆ ಆಡಿಸುತ್ತಾರೆ. ಕುಲಾವಿ ಸರಿ, ಎಳೆಗೂಸಿಗೆ, ಅದರಲ್ಲೂ ತೂಕ ಕಡಿಮೆ ಇರುವ ಕೂಸಿಗೆ, ಬೆಚ್ಚಗಿರುವುದೇ ಔಷಧ. ಆದರೆ ಆ ಹೊಗೆ ಎಳೆಯ ಶ್ವಾಸಕೋಶಕ್ಕೆ ಬಾಲ್ಕನಿಯ ಗಾಳಿಗಿಂತ ಕೆಟ್ಟದ್ದು ಎಂದು ನನ್ನ ಖಚಿತ ಅಭಿಪ್ರಾಯ.

ನ್ಯುಮೊಕಾಕಸ್ ವಿರುದ್ಧದ ಪಿಸಿವಿ ಲಸಿಕೆ 2021ರಿಂದ ದೇಶದಾದ್ಯಂತ ಸರ್ಕಾರಿ ಕೇಂದ್ರಗಳಲ್ಲಿ ಉಚಿತ: ಆರನೇ ವಾರ, ಹದಿನಾಲ್ಕನೇ ವಾರ, ಒಂಬತ್ತನೇ ತಿಂಗಳು. ಕೆಮ್ಮು ಬಂದಾಗ ಹಣೆ ಮುಟ್ಟಿ ನೋಡಿದರೆ ಸಾಲದು, ಅಂಗಿ ಎತ್ತಿ ಎದೆ ನೋಡಬೇಕು. ಮಗು ಅಳದೆ ಮಲಗಿರುವಾಗ ಪೂರ್ತಿ ಒಂದು ನಿಮಿಷ ಉಸಿರು ಎಣಿಸಿ. ಎರಡು ತಿಂಗಳೊಳಗಿನ ಕೂಸಿಗೆ 60, ಒಂದು ವರ್ಷದೊಳಗೆ 50, ಐದು ವರ್ಷದೊಳಗೆ 40. ಅಷ್ಟಾದರೆ ಅಥವಾ ಮೀರಿದರೆ ಡಾಕ್ಟರಿಗೆ ತೋರಿಸಬೇಕು. ಉಸಿರೆಳೆದಾಗ ಪಕ್ಕೆಯ ಕೆಳಭಾಗ ಒಳಕ್ಕೆ ಸೇದಿಕೊಳ್ಳುತ್ತಿದ್ದರೆ, ಮಗು ಹಾಲು ಬಿಟ್ಟಿದ್ದರೆ, ಕಷಾಯ ಕಾಯಿಸುತ್ತ ಬೆಳಗಾಗಲೆಂದು ಕೂರಬಾರದು. ಕೊಂಡಾಪುರದಲ್ಲೇ ಸರ್ಕಾರಿ ಆಸ್ಪತ್ರೆ ಇದೆ.